ಕಿವಿತೂತಿನ ಇಲಿಗೆ

ನಿನಗೆ ಹೆಸರಿಟ್ಟಿರಲಿಲ್ಲ.
ಎಡಗಿವಿಯಲ್ಲಿ ಎರಡು ತೂತು, ಬಲಗಿವಿಯಲ್ಲಿ ಒಂದು:
ನಮ್ಮ ಲೆಕ್ಕದಲ್ಲಿ ಇಪ್ಪತ್ತೊಂದನೆಯವಳು.
ಎಂಬತ್ತೇಳರ ಫೆಬ್ರವರಿ, ತಾರ್ತು ಊರು,
ಎಮಾಯೊಗಿ ಹೊಳೆಯ ಮೇಲೆ ಹುಡುಗರು ನಡೆದಾಡುತ್ತಿದ್ದರು.
ನಿನ್ನ ಗುಲ್ಮ ತೆಗೆದ ಕೈ ನನ್ನದೇ.
ಅವರೆಕಾಳಿಗಿಂತ ತುಸು ಉದ್ದ, ಕಡುಗೆಂಪು,
ಇನ್ನೂ ಬೆಚ್ಚಗಿತ್ತು.

ಆಮೇಲೆ ನೀನಿಲ್ಲ.
ನಿನ್ನದೊಂದು ಜೀವಕೋಶ ಮಾತ್ರ
ಸಾಯುವುದನ್ನು ಮರೆತ ಅರ್ಬುದದ ಕೋಶದೊಡನೆ ಬೆರೆತು
ತೊಂಬತ್ತಾರು ಗುಳಿಗಳ ತಟ್ಟೆಯಲ್ಲಿ
ಏಳನೇ ಸಾಲಿನ ಮೂರನೇ ಗುಳಿ ಹಿಡಿದು ಚಿಗುರಿತು.
ಅದು ಉಗುಳುವುದು ಒಂದೇ ಪ್ರತಿಕಾಯ,
ಆ ಪ್ರತಿಕಾಯ ಹಿಡಿಯುವುದು ಒಂದೇ ಕಿಣ್ವ.
'ಇವಳು ಸುಳ್ಳಾಡುವವಳಲ್ಲ, ಉರ್ವೆ'
ಎಂದರು ಹೆಲ್ದುರ್, ಕನ್ನಡಕ ಒರೆಸುತ್ತ.

ರೂಬಲ್ ಸಾಯುತ್ತಿದ್ದ ಚಳಿಗಾಲ ನಿನಗೆ ಗೊತ್ತಿಲ್ಲ.
ಬಿಸಿನೀರಿಲ್ಲ, ದ್ರವ ಸಾರಜನಕದ ಲಾರಿಯಿಲ್ಲ.
ಮಗನ ಹಿಮಬಂಡಿಗೆ ಡಬ್ಬಿ ಕಟ್ಟಿ
ಆಸ್ಪತ್ರೆಯವರೆಗೂ ಎಳೆದೆ, ನಾಲ್ಕು ಕಿಲೋಮೀಟರು.
ಬಂಡಿಯಲ್ಲಿ ಕೂರಬೇಕಿದ್ದವನು
ಹಿಂದೆ ನಡೆದು ಬಂದ, ಮೂಗು ಸೋರಿಸುತ್ತ.
ನಿನ್ನ ಸೀಸೆಗಳು ಕರಗಲಿಲ್ಲ.

ಎಷ್ಟು ಸಲ ಅದೇ ಕೆಲಸ!
ಜೆಲ್ಲಿನಿಂದ ಪೊರೆಗೆ ಪ್ರೋಟೀನು ಇಳಿಸುವುದು,
ಅಂಗಡಿಯ ಹಾಲಿನ ಪುಡಿ ಕದಡಿ ಮೇಲೆ ಸುರಿಯುವುದು,
ಖಾಲಿ ಜಾಗಕ್ಕೆಲ್ಲ ಹಾಲು ಅಂಟಲಿ,
ನೀನು ಕಂಡಕಂಡಲ್ಲಿ ಅಂಟದಿರಲಿ ಎಂದು.
ಉಳಿದ ಪುಡಿ ನನ್ನ ಕಾಫಿಗೆ.
ಕೆಂಪು ದೀಪದ ಕೋಣೆಯಲ್ಲಿ ಫಿಲ್ಮು ಎತ್ತಿದರೆ
ರೆಪ್ಪೆಯಂಚಿನ ಕಾಡಿಗೆಯಷ್ಟು ಕರೀ ಗೆರೆ,
ಐವತ್ತೆಂಟರ ಮಟ್ಟದಲ್ಲಿ, ಪ್ರತಿ ಸಲ.
ಕಿಣ್ವ ಇದೆ, ಎಂದು ಬರೆದೆವು.
ಇಲ್ಲಿ ಹೆಚ್ಚು, ಇಲ್ಲಿ ಕಡಿಮೆ.
ಹತ್ತೊಂಬತ್ತು ಪ್ರಬಂಧ.

ಕಳೆದ ಮಂಗಳವಾರ ಕೈರಿ ಬಂದಳು,
ಇಪ್ಪತ್ತಾರರ ಹುಡುಗಿ, ಕತ್ತರಿ ಬಲ್ಲವಳು.
ಆ ಕಿಣ್ವದ ಜೀನನ್ನೇ ಕತ್ತರಿಸಿ ತೆಗೆದ ಕೋಶಗಳನ್ನು
ಕೊನೆಯ ಓಣಿಗೆ ಹಾಕಿದ್ದಳು,
ಸುಮ್ಮನೆ, ಎಲ್ಲರೂ ಹಾಕಬೇಕಾದ್ದಂತೆ.
ಫಿಲ್ಮು ಎತ್ತಿದೆ.
ಇದ್ದಲ್ಲಿ ಗೆರೆ.
ಇಲ್ಲದ ಕಡೆಯೂ ಗೆರೆ.
ಅಷ್ಟೇ ಕಪ್ಪು.

ಕೈರಿ ಮಾತಾಡಲಿಲ್ಲ. ನಾನು ಓಣಿ ಎಣಿಸಿದೆ,
ಎಡದಿಂದ ಬಲಕ್ಕೆ, ಬಲದಿಂದ ಎಡಕ್ಕೆ.
ಎರಡು ದಿನ ಬಿಟ್ಟು ಮತ್ತೆ ಮಾಡಿದೆವು,
ಹೊಸ ಹಾಲು, ಹೊಸ ಸೀಸೆ.
ಗೆರೆಗೆ ನಾಚಿಕೆಯಿಲ್ಲ.

ನಿನ್ನ ಮೇಲೆ ಸಿಟ್ಟು ಬರಲಿಲ್ಲ, ಆಶ್ಚರ್ಯ.
ನೀನು ಕಂಡದ್ದು ಇಡೀ ಕಿಣ್ವವನ್ನಲ್ಲವಲ್ಲ,
ಅದರ ಭುಜದ ಒಂದು ಚೂರು, ಆರೇಳು ಮಣಿಯ ತಿರುವು.
ಅಂಥದೇ ಭುಜ ಇನ್ನಾರಿಗೋ ಇತ್ತು.
ಚೂರನ್ನು ಇಡೀ ಆಳು ಎಂದವರು ನಾವು.

ಹೆಲ್ದುರರಿಗೆ ಫೋನು ಮಾಡಿದೆ. ತೊಂಬತ್ತು ದಾಟಿದೆ, ಕಿವಿ ಮಂದ.
ಎರಡು ಸಲ ಹೇಳಿಸಿಕೊಂಡು ಬಹಳ ಹೊತ್ತಿನ ಮೇಲೆ
'ಪತ್ರ ಬರೆ, ಮೊದಲ ಹೆಸರು ನನ್ನದಿರಲಿ' ಎಂದರು.
ಬರೆದೆ. ಹತ್ತೊಂಬತ್ತು ಲಕೋಟೆ ಬೇಡವಂತೆ,
ಈಗ ಒಂದು ಗುಂಡಿ ಒತ್ತಿದರೆ ಸಾಕಂತೆ.
ಇನ್ನೂ ಒತ್ತಿಲ್ಲ.

ಕೈರಿ ಮಾತ್ರ ಹಾಲಿನ ಪುಡಿ ತೂಗುತ್ತಿದ್ದಾಳೆ.
ಮೂವತ್ತೇಳು ವರ್ಷ ನೀನು ಬೆರಳು ಮಾಡಿ ತೋರಿದ್ದು ಯಾರನ್ನು,
ಅದನ್ನು ಹುಡುಕಬೇಕಂತೆ ಅವಳಿಗೆ.
ನಿನ್ನ ಕಿವಿಯ ಲೆಕ್ಕ ಕೇಳಿದಳು.
ಹೇಳಿದೆ: ಎಡಕ್ಕೆ ಎರಡು, ಬಲಕ್ಕೆ ಒಂದು.