ಎಡಕ್ಕೆ ವಾಲಿದ ಗಂಟು

ಹನ್ನೊಂದೂವರೆಗೆ ಬಂದೆ, ವೆನಿಂಗ್, ಚಪ್ಪಲಿ ಕೈಯಲ್ಲಿ ಹಿಡಿದು.
ಬೊಬೊತ್ಸಾರಿಯ ಮದುವೆಮನೆಯಲ್ಲಿ ಲೆಂಗ್ಗೆರ್ ಕುಣಿದ ಕಾಲು
ಹೊಸಿಲಿಗೇ ಸೋತಿತ್ತು.
ಮುಡಿಯ ಮಲ್ಲಿಗೆ ಬಾಡಿ ಕಿವಿಯ ಮೇಲೆ ಇಳಿದಿತ್ತು.
ಚಾಪೆಗೆ ಬಿದ್ದವಳೇ ಅಂದೆ,
"ನಾಳೆ ತೆಗೀತೀನಿ, ಬಿಯುಂಗ್."

ನಾಳೆ ಅಲ್ಲ. ಈಗ. ಏಳು.

ಕಣ್ಣಿಗೆ ಎಣ್ಣೆ ಬಿಟ್ಟುಕೊಂಡು ಕಾದರು ಅನ್ನುತ್ತಾರಲ್ಲ,
ನಾನು ಎಣ್ಣೆ ಹಿಡಿದುಕೊಂಡೇ ಕಾದೆ,
ನಿನ್ನ ರೆಪ್ಪೆಗೆ.
ಹತ್ತಿ ನೆನೆಸಿ, ಹಿಂಡಿ, ಮುಚ್ಚಿದ ರೆಪ್ಪೆಯಂಚಿಗೆ ಒತ್ತಿ
ಮೂವತ್ತರವರೆಗೆ ಎಣಿಸುತ್ತೇನೆ. ತೆರೆಯಬೇಡ,
ಒಳಗೆ ಹನಿ ಹೋದೀತು.
ಎಳೆಯುವುದೂ ಇಲ್ಲ. ಎಳೆದರೆ ಇದರ ಜೊತೆ ನಿನ್ನದೂ ಬರುತ್ತದೆ,
ನೀನು ಹೊಟ್ಟೆಯಲ್ಲಿದ್ದಾಗ ನಾನು ಪುಕ್ಕಟೆ ಕಟ್ಟಿದ್ದು.
ಅದಕ್ಕೆ ಅಂಗಡಿಯಲ್ಲಿ ಜೋಡಿ ಸಿಗುವುದಿಲ್ಲ.

ಏಳು, ಎಂಟು, ಒಂಬತ್ತು...
ಹತ್ತೊಂಬತ್ತು ವರ್ಷ ಈ ಪುರ್ಬಲಿಂಗ್ಗಾದಲ್ಲಿ
ಕೊಕ್ಕೆಸೂಜಿ ಹಿಡಿದವಳು ನಾನು.
ದಾರ ಬಿಗಿದು, ಕೂದಲು ಮಡಿಚಿ, ಕೊಕ್ಕೆಯಲ್ಲಿ ಸೆಳೆದು
ಒಂದು ಗಂಟು. ಅದರ ಪಕ್ಕಕ್ಕೆ ಇನ್ನೊಂದು.
ತುಗಿನೆಮ್, ರುಸ್ಮಿಯಾತಿ, ನಾನು, ಒಂದೇ ಬೆಂಚು, ಒಂದೇ ದೀಪ,
ಎವೆಯಿಕ್ಕದೆ ಎವೆ ಕಟ್ಟಿದೆವು.
ಎಣಿಕೆ ತಪ್ಪಿದರೆ ಕೂಲಿ ಕಡಿತ.
ಯಾರ ಕಣ್ಣಿಗೆ ಎಂದು ನಾವು ಕೇಳಲಿಲ್ಲ,
ಯಾರ ಕಣ್ಣಿನಿಂದ ಎಂದು ಅವರೂ.

ಮೂವತ್ತು.
ಹೊರಮೂಲೆಯಿಂದ ಬಿಡಿಸುತ್ತೇನೆ. ಬಂತು ನೋಡು,
ಬೆರಳ ಮೇಲೆ ಕಂಬಳಿಹುಳು.
ಇದು ಹೊಸದಲ್ಲ. ಬುಡದಲ್ಲಿ ಹಳೆಯ ಅಂಟು ಪದರಗಟ್ಟಿದೆ.
ಯಾರದು? ಲಿಂತಂಗಳದಾ?
ಅವಳ ಕಿವಿಯೋಲೆ ಎರವಲು ತಾ, ಶಾಲು ತಾ,
ಬೇಕಿದ್ದರೆ ಸ್ಕೂಟರನ್ನೂ ತಾ,
ರೆಪ್ಪೆ ತರಬೇಡ.
ಓಲೆ ಹಿಂತಿರುಗಿಸಬಹುದು, ಕಣ್ಣಿನ ಕೀವನ್ನು
ಹೇಗೆ ಹಿಂತಿರುಗಿಸುತ್ತೀ?

ಮೂತಿ ಊದಿಸಬೇಡ. ಹಬ್ಬದ ಹಿಂದಿನ ದಿನ ಕಣ್ಣೇ ಊದಿದ್ದು ಮರೆತೆಯಾ,
ಕೂದಲ ಸಮೇತ ಥೇಟ್ ರಂಬುತಾನ್ ಹಣ್ಣು!
ಆ ಅಂಟನ್ನು ಮೊಣಕೈ ಒಳಮಡಿಕೆಗೆ ತಾಗಿಸಿ
ಒಂದು ದಿನ ಕಾದಿದ್ದರೆ
ಮೊಣಕೈ ತುರಿಸುತ್ತಿತ್ತು, ಅಷ್ಟೆ.

ತಡಿ. ದೀಪ ಇತ್ತ ಹಿಡಿ.
ಇಲ್ಲ, ದೀಪದಿಂದ ಉಪಯೋಗವಿಲ್ಲ ಈಗ.
ಉಗುರಿನಲ್ಲಿ ನೋಡುತ್ತೇನೆ.
ಗಂಟುಗಳೆಲ್ಲ ಎಡಕ್ಕೆ ವಾಲಿವೆ.
ನಾನು ಎಡಚಿ. ಮೇಲ್ವಿಚಾರಕಿ ಸಾಲು ಸಾಲಾಗಿ ಬೈಯುತ್ತಿದ್ದಳು,
"ಕಸ್ಮಿನಾ, ನಿನ್ನ ಗಂಟು ಗಾಳಿಗೆ ಬಿದ್ದ ಭತ್ತ."
ಯಾವ ಹಡಗು ಹತ್ತಿ ಹೋಗಿ, ಯಾವ ಊರ ಡಬ್ಬಿ ಸೇರಿ,
ಓದಲಾಗದ ಲಿಪಿ ಹೊತ್ತು ಮರಳಿ ಬಂತೋ
ನನ್ನ ಮಗಳ ಕಣ್ಣಿಗೆ!
ಅಥವಾ ಇನ್ನೊಬ್ಬ ಎಡಚಿ ಇದ್ದಳೇನೋ.
ಸಾವಿರಾರು ಕೈಗಳಿದ್ದ ಊರು.

ಆಸ್ಪತ್ರೆಯ ನರ್ಸ್ ಹೇಳಿದ್ದಳು,
ಇಪ್ಪತ್ತು ನಿಮಿಷಕ್ಕೊಮ್ಮೆ ತಲೆಯೆತ್ತಿ ದೂರ ನೋಡಿ ಅಂತ.
ನಾಲ್ಕು ಗೋಡೆಯೊಳಗೆ ದೂರವನ್ನು ಎಲ್ಲಿಂದ ತರಲಿ?
ಗವಾಕ್ಷಿಯಲ್ಲಿ ಅಂಗೈಯಗಲ ಸ್ಲಾಮೆತ್ ಬೆಟ್ಟ ಕಾಣುತ್ತಿತ್ತು,
ಕದ್ದು ನೋಡುತ್ತಿದ್ದೆ.
ಈಗ ಬಾಗಿಲಲ್ಲೇ ಬೆಟ್ಟ ನಿಂತಿದೆ,
ಮೋಡವೋ ಬೆಟ್ಟವೋ ನೀನು ಹೇಳಬೇಕು.

ಅಂಟಿನ ಟ್ಯೂಬು ಎಲ್ಲಿ? ಹಿಂಬದಿ ಓದು, ಇರುವೆಯಕ್ಷರ ನನಗಾಗದು.
ಏನು, ಮುಗಿದು ಏಳು ತಿಂಗಳಾ?
ಎಸೆ.

ಬೋಳಾದ ಈ ಕಣ್ಣು ನೋಡು, ಒದ್ದೆ, ಗಿಡ್ಡ ರೆಪ್ಪೆ,
ನಿನಗೆ ಇಷ್ಟವಿಲ್ಲದ್ದು,
ಹುಟ್ಟಿದ ಮೂರನೇ ದಿನ ನೊಣ ಬಂದಾಗ
ತಾನೇ ಮುಚ್ಚಿಕೊಂಡದ್ದು.
ಕುಣಿ, ಹಚ್ಚಿಕೋ, ಬೇಡವೆನ್ನಲು ನನಗೆ ಬಾಯಿಲ್ಲ,
ನಿನ್ನ ಶಾಲೆಯ ಫೀಸೆಲ್ಲ ರೆಪ್ಪೆಯೇ.
ಕೈ ತೊಳೆದು ಹಚ್ಚಿಕೋ.
ಕೆಂಪಾದ ದಿನ ಬಿಟ್ಟುಬಿಡು.

ಮಲಗಿಬಿಟ್ಟೆಯಾ?
ಇರಲಿ, ತಲೆ ನನ್ನ ತೊಡೆಯ ಮೇಲೇ ಇರಲಿ.
ಇನ್ನೊಂದು ಕಣ್ಣು ಉಳಿದಿದೆ.
ಒಂದು. ಎರಡು. ಮೂರು.