ಕಾಲಿನ ಲೆಕ್ಕ

ನಮ್ಮ ಮನೆಯಲ್ಲಿ ಬೈಬಲ್ಲಿನ ಪಕ್ಕ ಇನ್ನೊಂದು ಪುಸ್ತಕ:
ಅಂಟಿನ ಕಲೆ, ಮರದ ಹುಡಿ, ತಲೆಮಾರುಗಳ ಕೈಬರಹ.
ವಿಯೆನ್ನಾದ ಹ್ರುಷ್ಕಾ ಬಡಗಿಗಳು
ವಿದೇಶಾಂಗ ಕಚೇರಿಗೆ ಮಾಡಿಕೊಟ್ಟ
ಮೇಜು, ಕುರ್ಚಿ, ಬಾಗಿಲುಗಳ ಲೆಕ್ಕ.
ಒಪ್ಪಂದಗಳೆಲ್ಲ ಅರಮನೆಯ ಕಪಾಟಿನಲ್ಲಿವೆ,
ಅವುಗಳ ಕೆಳಗೆ ನಿಂತಿದ್ದ ಕಾಲುಗಳು ಇದರಲ್ಲಿ.

ಮೊದಲ ಪುಟ ಇಗ್ನಾಟ್ಸ್ ಮುತ್ತಜ್ಜನದು.
ಯುರೋಪಿಗೆ ಯುರೋಪೇ ಊರಿಗೆ ಬಂದು ಕುಣಿದ ಚಳಿಗಾಲ.
ಯಾರು ಮೊದಲು ಒಳಗೆ, ಯಾರು ಆಮೇಲೆ?
ಮೂರು ವಾರ ಅಳೆದರು, ಸುರಿದರು,
ಕೊನೆಗೆ ಗೋಡೆ ಒಡೆದು ಬಾಗಿಲು ಹೆಚ್ಚಿಸು ಅಂದರು.
ಐವರೂ ಒಂದೇ ಗಳಿಗೆಗೆ ಹೊಸ್ತಿಲು ದಾಟಿದರಂತೆ.
ಅಂದು ರಾತ್ರಿ ಮುತ್ತಜ್ಜ ಬರೆದದ್ದು ಇಷ್ಟೇ:
"ಕುರ್ಚಿಗಳೆಲ್ಲ ಒಂದೇ ಎತ್ತರ. ನೆಲ ಸಮ ಇಲ್ಲ.
ನಮ್ಮವರ ಕುರ್ಚಿಯಡಿ ಒಂದು ಬೆಣೆ, ಅರ್ಧ ಬೆರಳು.
ಕೂಲಿ ಕೇಳಿಲ್ಲ."

ಆಮೇಲೆ ಆಂಟೊನ್ ಅಜ್ಜ.
ಪ್ರಶ್ಯದವರಿಂದ ಪೆಟ್ಟು ತಿಂದ ಮೇಲೆ
ಹಂಗೇರಿಯವರಿಗೂ ಮಣೆ ಹಾಕಬೇಕಾಯಿತು.
ಎರಡು ತಲೆಯ ಹದ್ದಿಗೆ
ಎರಡೂ ಕಡೆ ತಲೆಯಿರುವ ಮೇಜು.
ಪಾದದ ಕಡೆ ಯಾವುದು ಅಂತ ಅಜ್ಜ ಕೇಳಿದನಂತೆ,
ಯಾರೂ ಹೇಳಲಿಲ್ಲವಂತೆ.

ಬೋಸ್ನಿಯಾ ಇನ್ನು ನಮ್ಮದೆಂದು ಸಾರಿದ ವಾರ
ಅದೇ ಮೇಜು ನಕ್ಷೆಗೆ ಸಾಲದೆ ಬಂತು.
ಅಪ್ಪ ಅಕ್ರೋಟು ಮರಕ್ಕೆ ಪೈನ್ ಹಲಗೆ ಕೂಡಿಸಿದ,
ಬಣ್ಣ ಬಳಿದು ಒಂದೇ ಮಾಡಿದ.
ನನಗೆ ಆಗ ಒಂಬತ್ತು; ಕೂಡಿದ ಜಾಗ ಉಜ್ಜಿದವಳು ನಾನೇ,
ಬೆರಳಿಗೆ ಇನ್ನೂ ಗೊತ್ತಿದೆ.
"ಚಳಿಗೆ ಎರಡೂ ಒಂದೇ ಥರ ಕುಗ್ಗೋದಿಲ್ಲ ಸ್ವಾಮಿ," ಎಂದ ಅಪ್ಪ.
"ನೀನು ಬಡಗಿ," ಎಂದ ಗುಮಾಸ್ತ.

ಅಪ್ಪನಿಗೆ ರಾಜಕಾರಣ ತಿಳಿಯದು.
ಕುರ್ಚಿ ಬೇಕೆಂದರೆ ಯಾರೋ ಬರುತ್ತಾರೆ,
ಕೂರುತ್ತಾರೆ, ಅಡ್ಡಗೋಡೆಯ ಮೇಲೆ ದೀಪವಿಡುತ್ತಾರೆ,
ಹಾವೂ ಸಾಯದು, ಕೋಲೂ ಮುರಿಯದು.
ಹದಿನಾಲ್ಕರ ಜುಲೈ.
ಕಚೇರಿಯ ಕಿಟಕಿಗಳಲ್ಲಿ ರಾತ್ರಿಯಿಡೀ ಬೆಳಕು.
ನಮಗೆ ಮಾತ್ರ ಒಂದು ಸ್ಟೂಲಿಗೂ ಹೇಳಿಕಳಿಸಲಿಲ್ಲ.
"ಸರ್ಬಿಯದವರು ಎಲ್ಲಿ ಕೂರ್ತಾರಂತೆ?" ಅಪ್ಪ
ಬಾಗಿಲಿಗೂ ನನಗೂ ನಡುವೆ ಎಲ್ಲೋ ನೋಡುತ್ತ ಕೇಳಿದ.
ನಲವತ್ತೆಂಟು ಗಂಟೆ ಕೊಟ್ಟಿದ್ದರು.
ಅಷ್ಟರಲ್ಲಿ ಉತ್ತರಿಸಬೇಕಾದವನಿಗೆ
ಕುರ್ಚಿ ಏಕೆ?

ಮುಂದಿನ ಪುಟಗಳು ಆಸ್ಪತ್ರೆಯವು.
ಎಡಗಾಲು ಮೂವತ್ತೊಂದು. ಬಲಗಾಲು ನಲವತ್ತು.
ಮಂಡಿಯ ಮೇಲೆ. ಮಂಡಿಯ ಕೆಳಗೆ.
ಕುರ್ಚಿಯ ನಾಲ್ಕು ಕಾಲಿಗೂ ಒಂದೇ ಅಳತೆ,
ಮನುಷ್ಯನದಾದರೆ ಉಳಿದ ಒಂದನ್ನು ಕೇಳಿ ಮಾಡಬೇಕು.
ಅಣ್ಣ ಬೊಹುಸ್ಲಾವ್ ಗಲೀಷಿಯಾಕ್ಕೆ ಹೋದ.
ಅವನಿಗೆ ಯಾವ ಕಾಲೂ
ಬೇಕಾಗಲಿಲ್ಲ.

ಕೊನೆಯ ಸಹಿ ಬಿದ್ದದ್ದು ಪ್ಯಾರಿಸ್ಸಿನ ಹೊರಗೆ,
ಇನ್ಯಾರೋ ಬಡಗಿಯ ಮೇಜಿನ ಮೇಲೆ.
ದೇಶ ಕಾಲಿಗೂ ಕಡಿಮೆ ಉಳಿಯಿತು.
ಆ ಚಳಿಗಾಲ ಕಚೇರಿ ಮುರುಕು ಸಾಮಾನನ್ನು
ಸೌದೆಯ ತೂಕಕ್ಕೆ ಮಾರಿತು.
ಅಪ್ಪ ತಳ್ಳುಗಾಡಿಯಲ್ಲಿ ತಂದದ್ದು ಅದೇ ಮೇಜು,
ಕೂಡಿಸಿದ ಕಡೆಯೇ ಸೀಳಿತ್ತು.
ಪೈನ್ ಚಟಪಟ ಸಿಡಿದು ಬೇಗ ಮುಗಿಯಿತು,
ಅಕ್ರೋಟು ಬೆಳಗಿನ ತನಕ.
ಟರ್ನಿಪ್ ಬೆಂದವು.
ನಾವು ಉಪ್ಪಿಲ್ಲದೆ ತಿಂದೆವು.

ಈಗ ಅಂಗಡಿ ನನ್ನದು. ಫಲಕದಲ್ಲಿ ಓಟಿಲಿಯೆ ಹ್ರುಷ್ಕಾ,
ಒಳಗೆ ಶವಪೆಟ್ಟಿಗೆ, ತೊಟ್ಟಿಲು, ಕಿಟಕಿಯ ರಿಪೇರಿ.
ಮೊನ್ನೆ ಕಚೇರಿಯಿಂದ ಹುಡುಗನೊಬ್ಬ ಬಂದಿದ್ದ,
ಕೋಟಿನ ಮೊಣಕೈಗೆ ತೇಪೆ.
ಹನ್ನೆರಡು ಕುರ್ಚಿ ಬೇಕು, ಸಾದಾ, ಅಗ್ಗದ್ದು.
ಎಷ್ಟೆತ್ತರ, ಎಂದೆ.
"ಯಾರು ಬಂದರೂ ಎದುರು ಕೂರುವ ಹಾಗೆ," ಎಂದ,
ಯಾರು ಬರುತ್ತಾರೆಂದು ಅವನಿಗೂ ಗೊತ್ತಿದ್ದಂತಿಲ್ಲ.
ಪುಸ್ತಕ ತೆರೆದು ಬರೆದುಕೊಂಡೆ.
ಅಳತೆಯ ಜಾಗ ಖಾಲಿ ಬಿಟ್ಟು,
ನೆಲ ನೋಡಬೇಕು, ನಾಳೆ ಬರುತ್ತೇನೆ
ಎಂದೆ.