ಬಣ್ಣವಿಲ್ಲದ್ದು

ಭಾನುವಾರ, ಬೆಳಗಿನ ಹತ್ತು.
ವಿನೆಬೇಗೊ ಸರೋವರ ಹೆಪ್ಪುಗಟ್ಟಿ ಬಿಳಿ ಬಯಲಾಗಿದೆ.
ಅದರ ಮೇಲೆ ಅಲ್ಲಲ್ಲಿ ಮೀನಿಗೆ ಕಾಯುವವರ ತಗಡಿನ ಗೂಡು,
ಒಂದೆರಡು ಟ್ರಕ್ಕು, ಯಾರದೋ ನಾಯಿ.

ನನ್ನ ಗಂಡ ಕ್ಯಾಸಿಮಿರ್, ಎಲ್ಲರ ಬಾಯಲ್ಲಿ ಕ್ಯಾಸ್,
ನೆಲಮಾಳಿಗೆಯಿಂದ ಟೊಮ್ಯಾಟೊ ರಸದ ಜಾಡಿ ತರುತ್ತಾನೆ.
ಮುಚ್ಚಳದ ಮೇಲೆ ‘ಆಗಸ್ಟ್’, ನನ್ನದೇ ಸೊಟ್ಟ ಅಕ್ಷರ.
ತಿರುವಿದರೆ ಟಪ್ಪೆಂದು
ಬೇಸಿಗೆಯ ಒಂದು ಉಸಿರು ಹೊರಬಂದು
ಕಿಟಕಿಯಾಚೆ ನೋಡಿ ಸುಮ್ಮನಾಗುತ್ತದೆ.

ಇಪ್ಪತ್ತೆಂಟು ವರ್ಷ ಬಾರಿನ ಕಟ್ಟೆಯ ಹಿಂದೆ ನಿಂತವನು,
ಚಮಚ ಬೇಡ, ಎಲ್ಲವೂ ಕಣ್ಣಳತೆ.
ಮೆಣಸು ಕುಟ್ಟಬೇಕು, ಪುಡಿಯಾಗಬಾರದು, ಹಲ್ಲಿಗೆ ಸಿಗಬೇಕು.
ನಿಂಬೆ ಹಿಂಡಿದರೆ ಬೀಜ ಬೆರಳ ಸಂದಿಯಲ್ಲೇ ನಿಲ್ಲಬೇಕು.
ವುಸ್ಟರ್ ಸಾಸಿನ ಹೆಸರು ತಪ್ಪಿಲ್ಲದೆ ಹೇಳಿದವರಿಗೆ
ಒಂದು ಗ್ಲಾಸು ಬಿಟ್ಟಿ ಎಂದು ಬೋರ್ಡು ಹಾಕಿದ್ದ ಆಗ.
ಯಾರಿಗೂ ಕೊಡಬೇಕಾಗಲಿಲ್ಲ.
ಸೌತೆಕಾಯಿ ಜಾಡಿಯ ತಳದ ಉಪ್ಪುನೀರು ಎರಡು ಗುಟುಕು:
ಇದು ಗುಟ್ಟು. ಓಶ್‌ಕಾಶಿನ ಎಲ್ಲರಿಗೂ ಗೊತ್ತಿರುವ ಗುಟ್ಟು.

ಕೆಂಪು ಮೆಣಸಿನ ಸಾಸು ಮಾತ್ರ ಎಣಿಸಿ ಹಾಕುತ್ತಾನೆ,
ಯೆಡೆನ್, ದ್ವಾ, ತ್ಶಿ, ಪೋಲಿಷ್‌ನಲ್ಲಿ.
ಅಜ್ಜಿಯ ಭಾಷೆಯಲ್ಲಿ ಅವನ ಪಾಲಿಗೆ ಉಳಿದದ್ದು ಏಳರ ತನಕ.
ಹಾಗಾಗಿ ಏಳು ಹನಿ.

ಹಾರ್ಸ್‌ರಾಡಿಷ್ ಗೆಡ್ಡೆ ತುರಿಯುವಾಗ
ಕನ್ನಡಕ ತೆಗೆದಿಟ್ಟು ಧಾರಾಳವಾಗಿ ಅಳುತ್ತಾನೆ.
ನಾವು ಅದನ್ನು ಗೆಡ್ಡೆಯ ಲೆಕ್ಕಕ್ಕೆ ಬರೆದುಕೊಳ್ಳುತ್ತೇವೆ.

ಕಿರುಬೆರಳು ಅದ್ದಿ ನಾಲಿಗೆಗಿಟ್ಟು, ‘ಉಪ್ಪು ಸಾಕು’ ಎಂದು
ಐದು ಗ್ಲಾಸಿಗೆ ಸುರಿದು
ನಮಗೆ ಬೆನ್ನು ಹಾಕಿ ಕಿಟಕಿಗೆ ಹೋಗುತ್ತಾನೆ.
‘ಇನ್ನು ನೀವು ಹಾಕಿಕೊಳ್ಳಿ.’
ವೋಡ್ಕಾ ಅವನ ತಂಗಿ ಯೂಜೀನಿಯಾಳ ಚೀಲದಲ್ಲಿ ಬರುತ್ತದೆ,
ಅದೇ ಚೀಲದಲ್ಲಿ ವಾಪಸು ಹೋಗುತ್ತದೆ.
ಹೋದ ಚಳಿಗಾಲ ಟ್ರಕ್ಕು ಮಂಜುಗಡ್ಡೆಯೊಳಗೆ ಇಳಿದು
ಅವನೊಬ್ಬ ಮೇಲೆ ಉಳಿದಾಗಿನಿಂದ
ಈ ಮನೆಯಲ್ಲಿ ಇದು ಕ್ರಮ.

ಇವತ್ತು ನಾಯಿ ಬೊಗಳಿತೋ, ಚೆಸ್ಟರ್ ಬಾಗಿಲು ಬಡಿದನೋ,
ಯೂಜೀನಿಯಾ ಬಾಟಲಿ ಮುಚ್ಚಿ ತಿರುಗುವಷ್ಟರಲ್ಲಿ
ನಾನು ಐದಕ್ಕೂ ಸೆಲರಿ ದಂಟು ಸಿಕ್ಕಿಸಿ,
ಚೀಸು ಚುಚ್ಚಿ, ಟ್ರೇ ತಿರುಗಿಸಿಬಿಟ್ಟಿದ್ದೆ.
‘ಅಣ್ಣನದು ಯಾವುದು?’ ಅಂದಳು.

ಐದೂ ಒಂದೇ ಕೆಂಪು.
ಮೂಗಿಗೆ ಹಿಡಿದರೆ ಗೆಡ್ಡೆಯದೇ ದರಬಾರು.
ನಾನು ಒಂದೊಂದೇ ಗುಟುಕು ಕುಡಿದು ನೋಡಿದೆ:
ಮೆಣಸು ನಾಲಿಗೆಯಲ್ಲಿ ಉರಿಯುತ್ತದೆ,
ಗೆಡ್ಡೆ ಮೂಗಿನಲ್ಲಿ,
ಇನ್ನೊಂದು ಇನ್ನೂ ಕೆಳಗೆ, ಎದೆಗೂಡಿನ ಹಿಂದೆ,
ತಡವಾಗಿ ಬರುವ ನೆಂಟನ ಹಾಗೆ.
ಮೊದಲನೆಯದು ಉರಿಯಿತು. ಎರಡನೆಯದೂ.
ಮೂರನೆಯದಕ್ಕೆ ಎದೆಯಲ್ಲಿದ್ದದ್ದು
ಈಗಿನದೋ ಆಗಿನದೋ ತಿಳಿಯಲಿಲ್ಲ.
ನಾಲ್ಕನೆಯದು ಬಹುಶಃ.
ಬಹುಶಃ ಎಂಬ ಮಾತನ್ನು
ಯಾರ ಕೈಗೂ ಕೊಡಲು ಬರುವುದಿಲ್ಲ.

ಚೆಸ್ಟರ್ ಬೂಟಿನ ಮಂಜು ಕೊಡವುತ್ತಲೇ ಇದ್ದ,
ಅಷ್ಟು ಮಂಜು ಅದರಲ್ಲಿರಲಿಲ್ಲ.
ಕ್ಯಾಸ್ ಟ್ರೇಯ ಹತ್ತಿರ ಬಂದ.
ಗ್ಲಾಸು ನೋಡಿದ, ನನ್ನ ಮುಖ ನೋಡಿದ.
‘ಚೆನ್ನಾಗಿದೆಯಾ?’ ಅಂದ.
‘ಖಾರ ಜಾಸ್ತಿ’ ಅಂದೆ, ಇನ್ನೇನು ಹೇಳಲಿ.
‘ಏಳೇ ಹನಿ’ ಎಂದು ಗೊಣಗುತ್ತಾ
ಮೆಟ್ಟಿಲಿಳಿದು ಹೋದ.

ಕೆಳಗೆ ದೀಪದ ಸ್ವಿಚ್ಚು, ಜಾಡಿಗೆ ಜಾಡಿ ತಗುಲಿದ ಸದ್ದು,
ಆಮೇಲೆ ಬಹಳ ಹೊತ್ತು ಏನೂ ಇಲ್ಲ.
ಯೂಜೀನಿಯಾ ಚೀಲದ ಜಿಪ್ಪು ಎಳೆದು
ಮತ್ತೆ ಮುಟ್ಟಿ ನೋಡಿಕೊಂಡಳು.

ಮೇಲೆ ಬಂದವನ ಕೈಯಲ್ಲಿ ಇನ್ನೊಂದು ಆಗಸ್ಟ್.
ಮತ್ತೆ ಮೆಣಸು, ಮತ್ತೆ ನಿಂಬೆ, ಮತ್ತೆ ಕನ್ನಡಕ ತೆಗೆದಿಟ್ಟು
ಗೆಡ್ಡೆ ತುರಿದ, ಒಂದು ಗ್ಲಾಸಿಗೆ ಬೇಕಾದ್ದಕ್ಕಿಂತ
ಸ್ವಲ್ಪ ಹೆಚ್ಚೇ.
ಯೆಡೆನ್, ದ್ವಾ, ತ್ಶಿ.

ಸೆಲರಿಯನ್ನು ತಲೆಕೆಳಗಾಗಿ ನಿಲ್ಲಿಸಿದ,
ಎಲೆಯೆಲ್ಲ ರಸದೊಳಗೆ, ಬೋಳು ದಂಟು ಮೇಲೆ.
‘ಇದು ನನ್ನದು’ ಅಂದ.
ಚೆಸ್ಟರ್ ಬೂಟು ಬಿಚ್ಚಿ ಒಳಗೆ ಬಂದ.